ಅವರೆಗಡಿಗೆಯ ತಳ

ಬೋರಗಾಂವ
೨೧ ನವೆಂಬರ್ ೧೯೯೧

ವೈನಿಯವರಿಗೆ,

ನಾವೆಲ್ಲ ಕ್ಷೇಮ, ನಿಮ್ಮ ಕ್ಷೇಮ ತಿಳಿಸಿರಿ ಅಂತ ಪತ್ರದ ಮೊದಲಿಗೆ ಬರೆಯುವುದು ರೂಢಿ. ಈ ಸಲ ಬರೆಯುವುದಿಲ್ಲ. ನಾವು ಕ್ಷೇಮವಾಗಿಲ್ಲ. ನೀವು ಹೇಗಿದ್ದೀರಿ ಅಂತ ಕೇಳುವ ಮನಸ್ಸೂ ನನಗಿಲ್ಲ.

ಸೋಮವಾರ ಮಧ್ಯಾಹ್ನ ಅವ್ವ ಒಬ್ಬಳೇ ನಮ್ಮ ಮನೆಗೆ ಬಂದಳು. ಎಪ್ಪತ್ತು ದಾಟಿದ ಹೆಂಗಸು. ರಾಯಬಾಗದಲ್ಲೊಂದು, ಚಿಕ್ಕೋಡಿಯಲ್ಲೊಂದು, ನಿಪ್ಪಾಣಿಯಲ್ಲೊಂದು ಬಸ್ಸು ಬದಲಿಸಿ ಬಂದಿದ್ದಾಳೆ. ಬಗಲಲ್ಲಿ ಒಂದು ಗಂಟು. ಬಿಚ್ಚಿ ನೋಡಿದರೆ ಎರಡು ಸೀರೆ, ಅವುಗಳ ನಡುವೆ ಸುತ್ತಿಟ್ಟ ಗಡಿಗೆಯ ಚೂರು. ಅವ್ವನ ಅವರೆಗಡಿಗೆ ವೈನಿ, ನಾನು ಹುಟ್ಟುವ ಮೊದಲಿನದು. ನಮ್ಮ ಗಾಣದಲ್ಲಿ ಬೆಲ್ಲ ಮಾಡುತ್ತಿದ್ದ ಕಾಲದಿಂದ ಆಕೆ ಅದನ್ನು ಬೂದಿಯಲ್ಲಿ ಹೂತು ಅವರೆಕಾಳು ಬೇಯಿಸಿದ್ದಾಳೆ. ಗಾಣ ನಿಂತು ಕಬ್ಬು ಕಾರ್ಖಾನೆಗೆ ಹೋಗತೊಡಗಿದ ಮೇಲೂ ಹಿತ್ತಲಲ್ಲಿ ಕುಣಿ ತೋಡಿ ಅದನ್ನೇ ನಡೆಸಿದ್ದಾಳೆ. ನನ್ನ ಅಣ್ಣನ ಹೆಂಡತಿಯಾಗಿ ಆ ಮನೆಯಲ್ಲಿರುವ ನಿಮಗೆ ಇದನ್ನೆಲ್ಲ ನಾನು ಹೇಳಬೇಕೇ?

"ಏನಾತವ್ವಾ?" ಅಂತ ಕೇಳಿದೆ. "ಗಡಿಗಿ ತಿಪ್ಪಿಗಿ ಹೋತು. ನನ್ನೂ ಒಗಿಯೂಕಿಂತ ಮೊದ್ಲ ನಾನ ಎದ್ದು ಬಂದ್ನಿ" ಅಂದಳು. ಅಷ್ಟೇ. ಆಮೇಲೆ ಬಾಯಿಗೆ ಬೀಗ.

ಭಾನುವಾರ ನಿಮ್ಮ ಮಗಳು ಸಕ್ಕುವನ್ನು ನೋಡಲು ಕಾಗವಾಡದ ಅಪ್ಪಾಸಾಬ ಅವರ ಮನೆಯವರು ಬಂದಿದ್ದರಂತೆ, ಮಾತು ಪಕ್ಕಾ ಆಯಿತಂತೆ, ಸಂತೆಗೆ ಬಂದ ನಿಮ್ಮೂರವರು ಹೇಳಿದರು. ಮೊಮ್ಮಗಳ ಮಾತು ಪಕ್ಕಾ ಆದ ಮರುದಿನ ಅಜ್ಜಿ ಮನೆ ಬಿಟ್ಟು ಬರುತ್ತಾಳೆಂದರೆ ಆ ಮನೆಯಲ್ಲಿ ಏನು ನಡೆದಿರಬೇಕು? ನಿಮ್ಮ ತಮ್ಮ ಜ್ಞಾನದೇವ ಪರದೇಶದಿಂದ ತಂದ ಕರೆಂಟ್ ಗಡಿಗೆ ಅಡುಗೆಮನೆಗೆ ಬಂತು ಅಂತ ಅವ್ವನ ಗಡಿಗೆ ಒಡೆದು ತಿಪ್ಪೆಗೆ ಹಾಕಿದಿರಾ? ನನಗೆ ನೇರ ಉತ್ತರ ಬೇಕು.

ಭೀಮಾಬಾಯಿ


ಅಲಖನೂರ
೩೦ ನವೆಂಬರ್ ೧೯೯೧

ಭೀಮಾಬಾಯಿ,

ನಿನ್ನ ಪತ್ರ ಬಂತು. ಓದಿ ಎರಡು ದಿನ ಸುಮ್ಮನಿದ್ದೆ, ಸಿಟ್ಟು ಇಳಿಯಲಿ ಅಂತ. ಇಳಿಯಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ನಾನು ಗಡಿಗೆ ಒಡೆದಿಲ್ಲ. ಶನಿವಾರ ಸಂಜೆ ಅತ್ತೆಯೇ ಅದನ್ನು ಕುಣಿಯಲ್ಲಿ ಹೂತಿದ್ದರು. ಬೆಳಿಗ್ಗೆ ಅವರು ಗುಡಿಗೆ ಹೋದಾಗ ನಾನು ಬೂದಿ ಸರಿಸಿ ನೋಡಿದೆ. ಗಡಿಗೆ ಉದ್ದಕ್ಕೆ ಸೀಳಿತ್ತು. ಕಾಳು, ನೀರು ಎಲ್ಲ ಬೂದಿಯಲ್ಲಿ. ನಲವತ್ತು ವರ್ಷದ ಮಣ್ಣು, ಒಂದು ದಿನ ಸೀಳಲೇಬೇಕು. ಬೀಗರು ಬರುವ ಹೊತ್ತಿಗೆ ಒಡೆದ ಗಡಿಗೆ ಅತ್ತೆಯ ಕಣ್ಣಿಗೆ ಬೀಳಬಾರದು ಅಂತ ಚೂರನ್ನು ತಿಪ್ಪೆಯ ಹಿಂದೆ ಇಟ್ಟೆ. ಬೀಗರು ಹೋದ ಮೇಲೆ ಸಮಾಧಾನದಿಂದ ಹೇಳಬೇಕು ಅಂದುಕೊಂಡಿದ್ದೆ. ಹೇಳುವ ಮೊದಲೇ ಅವರು ಹುಡುಕಿ ತೆಗೆದರು. ಇದು ನನ್ನ ತಪ್ಪಾದರೆ ತಪ್ಪು.

ನಿನ್ನ ಅಣ್ಣ ಕರೆಯಲು ಬಂದಾಗ ಏನು ಮಾಡಿದೆ? ಹೊರಗಿನ ಕಟ್ಟೆಯ ಮೇಲೆ ಕೂರಿಸಿ ಚಹಾ ಕೊಟ್ಟು ಕಳಿಸಿದೆಯಂತೆ. ಒಳಗೆ ಬಾ ಅನ್ನಲಿಲ್ಲ, ತಾಯಿಯ ಮುಖ ತೋರಿಸಲಿಲ್ಲ. ಬಂದ ದಿನದಿಂದ ಅವರು ನನ್ನ ಜೊತೆ ಸರಿಯಾಗಿ ಮಾತಾಡುತ್ತಿಲ್ಲ. ನಿನ್ನಲ್ಲಿ ಚಹಾ ಕುಡಿದು ಬಂದು ನನ್ನಲ್ಲಿ ಮುನಿಸು.

ಅತ್ತೆ ಯಾಕೆ ಎದ್ದು ಹೋದರು ಅನ್ನುವುದಕ್ಕೆ ಇನ್ನೊಂದು ಮಾತಿದೆ. ನಾನು ಅದನ್ನು ಬರೆಯುವುದಿಲ್ಲ. ಬರೆದರೆ ನಿನ್ನ ಅವ್ವನಿಗೇ ನಾಚಿಕೆ. ಇಪ್ಪತ್ತನಾಲ್ಕು ವರ್ಷ ಅವರ ಕೈಕೆಳಗೆ ಬಾಳಿದ್ದೇನೆ, ಇಷ್ಟು ಮುಚ್ಚಿಟ್ಟುಕೊಳ್ಳಲು ನನಗೆ ಬರುತ್ತದೆ.

ಸಕ್ಕುವಿನ ಮದುವೆ ಮಾರ್ಚ್ ಎಂಟಕ್ಕೆ ನಿಶ್ಚಯವಾಗಿದೆ. ಅತ್ತೆಯನ್ನು ಮೊದಲೇ ಕಳಿಸಿಕೊಡು. ನೀನೂ ಬಾ. ಬೈಯುವುದಿದ್ದರೆ ಬಂದು ಎದುರಿಗೆ ಬೈ.

ರುಕ್ಮವ್ವ


ಬೋರಗಾಂವ
೧೨ ಡಿಸೆಂಬರ್ ೧೯೯೧

ವೈನಿಯವರಿಗೆ,

"ಬರೆದರೆ ನಿನ್ನ ಅವ್ವನಿಗೇ ನಾಚಿಕೆ." ಈ ಒಂದು ಸಾಲು ಹತ್ತು ಸಲ ಓದಿದೆ. ಹತ್ತು ಸಲವೂ ಮೈಯೆಲ್ಲ ಉರಿಯಿತು. ಕದ್ದಳಾ? ಸುಳ್ಳು ಹೇಳಿದಳಾ? ಇದ್ದರೆ ಬಿಚ್ಚಿ ಹೇಳಬೇಕು, ಇಲ್ಲದಿದ್ದರೆ ಬಾಯಿ ಮುಚ್ಚಬೇಕು. ಅರ್ಧ ತೆರೆದು ಅರ್ಧ ಮುಚ್ಚಿ ನೀವು ದೊಡ್ಡವರಾಗುವುದು ಬೇಡ.

ಅಣ್ಣನನ್ನು ಕಟ್ಟೆಯ ಮೇಲೆ ಕೂರಿಸಿದ್ದು ನಿಜ. ಒಳಗೆ ಕರೆಯಬೇಡ ಅಂದವಳು ಅವ್ವ. ಅದನ್ನು ಅವನಿಗೆ ಹೇಳಲು ನನಗೆ ಬಾಯಿ ಬರಲಿಲ್ಲ. ತಾಯಿ ನಿನ್ನ ಮುಖ ನೋಡುವುದಿಲ್ಲ ಅಂತ ಮಗನಿಗೆ ಹೇಗೆ ಹೇಳಲಿ?

ಇಲ್ಲಿ ಅವ್ವ ಉಣ್ಣುತ್ತಿಲ್ಲ. ರೊಟ್ಟಿ ಮುರಿಯುತ್ತಾಳೆ, ಹಾಲಿನಲ್ಲಿ ನೆನೆಸುತ್ತಾಳೆ, ಅಲ್ಲೇ ಬಿಡುತ್ತಾಳೆ. ಏನು ಬೇಕು ಅಂದರೆ ಏನೂ ಬೇಡ. ಒಮ್ಮೆ ಮಾತ್ರ ತಾನಾಗಿಯೇ, "ಒಂದ್ ತುತ್ತ ಅವರಿ ಸಿಕ್ಕಿದ್ರ" ಅಂದಳು. ಆ ಮೇಲೆ ಮೂರು ಸಲ ಮಾಡಿದೆ. ಮೂರೂ ಸಲ ಕೆಟ್ಟಿತು. ತಾಸುಗಟ್ಟಲೆ ಕುದಿಸಿದರೂ ಕಾಳು ಹರಳಿನ ಹಾಗೆ. ನಮ್ಮ ಮನೆಯವರು ಒಂದು ಬಾಯಿಗೆ ಹಾಕಿಕೊಂಡು, "ಇದನ್ನ ನನ್ನ ಮಗ್ಗದಾಗ ಒಗದ್ರ ಮಗ್ಗ ಮುರೀತೈತಿ" ಅಂದರು. ಅವರ ಮುಂದಿನ ತಟ್ಟೆ ಎತ್ತಿಕೊಂಡು ಹೋದೆ.

ಅವ್ವನನ್ನು ಕೇಳಿದರೆ "ನನಗೇನು ಗೊತ್ತು, ಕೈ ಮಾಡತಿತ್ತು" ಅನ್ನುತ್ತಾಳೆ. ಆ ಮನೆಯಲ್ಲಿ ಹುಟ್ಟಿದವಳು ನಾನು. ಆದರೆ ಅಡುಗೆ ನೋಡಿ ಕಲಿತವರು ನೀವು. ನನ್ನನ್ನು ಹದಿನಾರಕ್ಕೆ ಮದುವೆ ಮಾಡಿ ಕಳಿಸಿದರು. ಹೋಗುವವಳಿಗೆ ಕಲಿಸಿ ಏನು ಅಂತ ಆಗ ಅವ್ವನೂ ಅಂದುಕೊಂಡಿರಬೇಕು.

ಆದ್ದರಿಂದ ಬೈಯುವುದನ್ನು ಒಂದು ಕಡೆ ಇಟ್ಟು ಕೇಳುತ್ತಿದ್ದೇನೆ. ಹೇಗೆ ಮಾಡುವುದು ಅಂತ ಬರೆಯಿರಿ. ಏನನ್ನೂ ಬಿಡಬೇಡಿರಿ. ಇದು ನನಗಾಗಿ ಅಲ್ಲ.

ಭೀಮಾಬಾಯಿ


ಅಲಖನೂರ
೨೨ ಡಿಸೆಂಬರ್ ೧೯೯೧

ಭೀಮಾಬಾಯಿ,

ಕಾಳು ಬೇಯುವ ಮೊದಲೇ ಬೆಲ್ಲ ಹಾಕಿದ್ದೀಯಾ. ಹಾಕಿಯೇ ಹಾಕಿರುತ್ತೀಯಾ. ಹುಣಸೆಯನ್ನೂ ಜೊತೆಗೇ ಕಿವುಚಿರುತ್ತೀಯಾ. ನಿನಗೆ ಮೊದಲಿನಿಂದ ಎಲ್ಲದಕ್ಕೂ ಅವಸರ. ಸಿಹಿಯೂ ಹುಳಿಯೂ ಮೊದಲು ಬಿದ್ದರೆ ಅವರೆಕಾಳು ಹಟ ಹಿಡಿಯುತ್ತದೆ, ಮೂರು ದಿನ ಕುದಿಸಿದರೂ ಮೆತ್ತಗಾಗುವುದಿಲ್ಲ.

ಏನನ್ನೂ ಬಿಡಬೇಡಿರಿ ಅಂದಿದ್ದೀಯಲ್ಲ, ಓದಿಕೋ. ಒಣ ಅವರೆಕಾಳು ಬೆಳಿಗ್ಗೆ ನೆನೆ ಹಾಕಬೇಕು. ಸಂಜೆ ಆ ನೀರು ಚೆಲ್ಲಿ ಹೊಸ ನೀರು. ಎರಡು ಉಳ್ಳಾಗಡ್ಡಿ, ಒಂದು ಬೆಳ್ಳುಳ್ಳಿ, ಇವನ್ನು ಸಿಪ್ಪೆ ಸಮೇತ ಕೆಂಡದಲ್ಲಿ ಸುಡಬೇಕು. ಹೊರಗೆ ಕಪ್ಪಾಗಬೇಕು, ಒಳಗೆ ಬೆಣ್ಣೆಯಾಗಬೇಕು. ಬ್ಯಾಡಗಿ ಮೆಣಸಿನಕಾಯಿ ಬಿಸಿ ಬೂದಿಯಲ್ಲಿ ಹೊರಳಿಸಿ ಕುಟ್ಟಬೇಕು. ಎಲ್ಲ ಗಡಿಗೆಗೆ ಹಾಕಿ, ಮುಚ್ಚಳದ ಅಂಚಿಗೆ ಹಿಟ್ಟು ಮೆತ್ತಿ, ಕಬ್ಬಿನ ಒಣ ಸೋಗೆಯ ರವದಿ ಮತ್ತು ಸೆಗಣಿ ಕುಳ್ಳು ಉರಿದು ಬಿದ್ದ ಬೂದಿಯಲ್ಲಿ ಕತ್ತಿನವರೆಗೆ ಹೂಳಬೇಕು. ಮರುದಿನ ಬೆಳಿಗ್ಗೆ ತೆಗೆದು ಒಂದು ಕಾಳು ಬೆರಳಲ್ಲಿ ಒತ್ತಿ ನೋಡು. ಹಿಟ್ಟಿನ ಹಾಗೆ ಒಡೆದರೆ ಮಾತ್ರ ಹುಣಸೆ ರಸ, ಉಪ್ಪು, ಕಾಕವಿ ಹಾಕು. ಕಾಕವಿ ಅಂದರೆ ಬೆಲ್ಲವಾಗುವ ಮೊದಲಿನ ಪಾಕ, ನಿಪ್ಪಾಣಿಯಲ್ಲಿ ಸಿಗುತ್ತದೆ. ಮತ್ತೆ ಒಂದು ತಾಸು ಬೂದಿಯಲ್ಲಿಡು. ಆ ತಾಸಿನಲ್ಲೇ ರಸ ಗಟ್ಟಿಯಾಗಿ ತಳ ಹಿಡಿಯುವುದು.

ಆ ತಳ ಯಾರದು ಅಂತ ನಿನಗೆ ನೆನಪಿರಬೇಕು. ಎಲ್ಲರಿಗೂ ಬಡಿಸಿದ ಮೇಲೆ ಅತ್ತೆ ಕಬ್ಬಿಣದ ಚಮಚದಿಂದ ತಳದ ಕರಕಲು ಕೆರೆದು ತಾವೊಬ್ಬರೇ ತಿನ್ನುತ್ತಿದ್ದರು. ಬೆಂಕಿ ಹೊತ್ತಿಸಿದವರಿಗೆ ತಳ, ಇದು ಗಾಣದ ಕಾಲದ ಪದ್ಧತಿ ಅನ್ನುತ್ತಿದ್ದರು. ನಿಮ್ಮ ಅಪ್ಪ ಕೇಳಿದರೂ ಕೊಡಲಿಲ್ಲ. ಊಟಕ್ಕೆ ಕೂತ ಕೂಡಲೇ "ತಳ ನಂದು, ಯಾರೂ ಕೈ ಹಚ್ಚಬ್ಯಾಡ್ರಿ" ಅಂತ ಕೂಗುವುದು, ಆಮೇಲೆ ಉಣ್ಣಲು ಸುರು ಮಾಡುವುದು. ಇಪ್ಪತ್ತನಾಲ್ಕು ವರ್ಷ ಆ ಗಡಿಗೆ ತಿಕ್ಕಿದವಳು ನಾನು. ಒಂದು ಚೂರು ತಳದ ರುಚಿ ನನಗೆ ಗೊತ್ತಿಲ್ಲ.

ನಿನಗೆ ಕುಣಿ, ರವದಿ ಇಲ್ಲದಿದ್ದರೆ ಕರೆಂಟ್ ಗಡಿಗೆಯ ರೀತಿಯನ್ನೂ ಹೇಳುತ್ತೇನೆ, ಸಿಟ್ಟಾಗಬೇಡ. ಜ್ಞಾನದೇವ ಪರದೇಶದಲ್ಲಿ ಎಣ್ಣೆ ಕಂಪನಿಯ ಅಡುಗೆಮನೆಯಲ್ಲಿದ್ದ. ಯುದ್ಧ ಸುರುವಾದಾಗ ಓಡಿ ಬರುವಾಗ ಬೇರೇನೂ ತರಲಿಲ್ಲ, ಇದೊಂದನ್ನು ಅಪ್ಪಿಕೊಂಡು ಬಂದ. ಅಲ್ಲಿ ಬಿಳಿಯರಿಗೆ ಇದರಲ್ಲೇ ಕಾಳು ಬೇಯಿಸುತ್ತಿದ್ದರಂತೆ, ಸಿಹಿ, ಹುಳಿ, ಹೊಗೆ ಎಲ್ಲ ಸೇರಿಸಿ, ಥೇಟ್ ನಮ್ಮ ಅವರೆಯ ಹಾಗೆ. ಕಾಳು ಮೊದಲು ಒಲೆಯ ಮೇಲೆ ಚೆನ್ನಾಗಿ ಕುದಿಸಿ, ಆಮೇಲೆ ಅದರೊಳಗೆ ಸಣ್ಣ ಉರಿಗೆ ಹತ್ತು ತಾಸು. ಕರೆಂಟ್ ಹೋದರೆ ಮುಚ್ಚಳ ತೆಗೆಯದೆ ಕೌದಿ ಹೊದಿಸು. ಕೊನೆಗೆ ಒಂದು ಬಟ್ಟಲಲ್ಲಿ ಕೆಂಡ ಇಟ್ಟು, ತುಪ್ಪ ಬಿಟ್ಟು, ಒಳಗಿಟ್ಟು ಮುಚ್ಚಿದರೆ ಹೊಗೆಯ ವಾಸನೆಯೂ ಬರುತ್ತದೆ. ಒಳಗೆಲ್ಲ ನುಣುಪು ಚೀನಿಮಣ್ಣು. ತಳ ಹಿಡಿಯುವುದೇ ಇಲ್ಲ, ತಿಕ್ಕುವ ಕೆಲಸವಿಲ್ಲ. ನಿನ್ನ ಹತ್ತಿರ ಅದಿಲ್ಲ, ದಪ್ಪ ಪಾತ್ರೆ ಇಟ್ಟು ಸಣ್ಣ ಉರಿಯಲ್ಲಿ ಹಾಗೇ ಮಾಡು.

ಮಾಡಿ ಉಣ್ಣಿಸು. ಉಂಡ ಮೇಲೆ ಕಳಿಸಿಕೊಡು.

ರುಕ್ಮವ್ವ


ಬೋರಗಾಂವ
೧೦ ಜನವರಿ ೧೯೯೨
(ಕಾರ್ಡು)

ರುಕ್ಮವ್ವ ಅವರಿಗೆ,

ಬೇಕಂತಲೇ ಕಾರ್ಡಿನ ಮೇಲೆ ಬರೆಯುತ್ತಿದ್ದೇನೆ. ನೀವು ಹೇಳಿದ ಹಾಗೆ ಮಾಡಿದೆ, ಕಾಳು ಮೆತ್ತಗೆ ಬೆಂದಿತು. ಅವ್ವನ ಮುಂದಿಟ್ಟು ರುಚಿ ಹೇಗಿದೆ ಅಂದೆ. "ನನ್ನ ಯಾಕ ಕೇಳ್ತಿ? ನನ್ನ ನಾಲಿಗಿ ಸತ್ತೈತಿ" ಅಂದು ಗೋಡೆಯ ಕಡೆ ತಿರುಗಿದಳು. ಹಾಗಂತ ಯಾರು ಅಂದರು ಅಂತ ಕೇಳಿದೆ. "ನಿಮ್ಮ ವೈನೀನ ಕೇಳು" ಅಂದಳು.

ಹೆತ್ತ ತಾಯಿಗೆ ಸಮನಾದವಳಿಗೆ ನಾಲಿಗೆ ಸತ್ತಿದೆ ಅಂದಿರಾ? ಅನ್ನ ಹಾಕಿದ ಕೈಗೆ? ಮಾರ್ಚ್ ಎಂಟಕ್ಕೆ ಅವ್ವ ಬರುವುದಿಲ್ಲ. ನಾನೂ ಬರುವುದಿಲ್ಲ. ಊರಿಗೆ ಗೊತ್ತಾಗಲಿ.

ಭೀಮಾಬಾಯಿ


ಅಲಖನೂರ
೨೦ ಜನವರಿ ೧೯೯೨

ಭೀಮಾಬಾಯಿ,

ಊರಿಗೆ ಗೊತ್ತಾಗಿದೆ. ಹೊಟ್ಟೆ ತಣ್ಣಗಾಯಿತೇ?

ನಮ್ಮ ಓಣಿಯ ಟಪಾಲನ್ನು ಮಲಕಾರಿಯ ಅಂಗಡಿಯಲ್ಲಿ ಇಟ್ಟು ಹೋಗುತ್ತಾರೆ ಅಂತ ನಿನಗೆ ಗೊತ್ತು. ಕಾರ್ಡು ಸಿಕ್ಕರೆ ಮಲಕಾರಿ ಬಿಡುವವನಲ್ಲ ಅಂತಲೂ ಗೊತ್ತು. ಎಣ್ಣೆ, ಕಡ್ಡಿಪೆಟ್ಟಿಗೆ ಒಯ್ಯಲು ಬಂದ ಎಂಟು ಜನರ ಮುಂದೆ ನಿನ್ನ ಕಾರ್ಡನ್ನು ಮೇಲಿನಿಂದ ಕೆಳಗಿನವರೆಗೆ ಓದಿದ. ಸಕ್ಕು ಸಕ್ಕರೆ ತರಲು ಹೋಗಿದ್ದಳು, ಅಲ್ಲೇ ನಿಂತು ಕೇಳಿ ಬರಿಗೈಯಲ್ಲಿ ಮನೆಗೆ ಬಂದಳು. ನಾಲ್ಕನೆಯ ದಿನಕ್ಕೆ ಕಾಗವಾಡದಿಂದ ಅಪ್ಪಾಸಾಬರೇ ಬಂದರು. ಚಹಾ ಮುಟ್ಟಲಿಲ್ಲ. "ನಾವು ನಿಮ್ಮ ಅತ್ತಿ ಕೆಂಚವ್ವಾಯಿ ಮಾರಿ ನೋಡಿ ಮಾತ ಕೊಟ್ಟೀವ್ರಿ. ಅಕಿ ಇಲ್ಲದ ಮದವಿ ನಮಗ ಬ್ಯಾಡ್ರಿ. ಹಿರೇರ್ನ ಹೊರಗ ಹಾಕಿದ ಮನೀ ಹೆಣ್ಣ ನಾವ್ ಹ್ಯಾಂಗ ತರೂಣು?" ಅಂದು ಹೋದರು. ನಿನ್ನ ಅಣ್ಣ ಎರಡು ದಿನದಿಂದ ಹೊಲದ ಗುಡಿಸಲಲ್ಲೇ ಇದ್ದಾರೆ. ಸಕ್ಕುವಿಗೆ ನಾನು ಏನು ಹೇಳಲಿ?

ಇನ್ನು ಮುಚ್ಚಿಡುವುದಿಲ್ಲ. ಕೇಳು.

ಆ ಭಾನುವಾರ ಅಪ್ಪಾಸಾಬರು ಬಂದದ್ದೇ ಅವರೆಯ ಆಸೆಯಿಂದ. ಹರೆಯದಲ್ಲಿ ನಮ್ಮ ಗಾಣಕ್ಕೆ ಕಬ್ಬಿನ ಗಾಡಿ ಹೊಡೆದುಕೊಂಡು ಬರುತ್ತಿದ್ದರಂತೆ, ಅತ್ತೆಯ ಗಡಿಗೆಯ ಅವರೆ ಉಂಡಿದ್ದರಂತೆ. ಬರುವ ಮೊದಲೇ ಹೇಳಿ ಕಳಿಸಿದ್ದರು. ಬೆಳಿಗ್ಗೆ ನೋಡಿದರೆ ಗಡಿಗೆ ಸೀಳಿದೆ, ಬೀಗರು ಹನ್ನೊಂದಕ್ಕೆ ಬರುವವರು. ಹಿಂದಿನ ದಿನ ಜ್ಞಾನದೇವ ತನ್ನ ಹಟಕ್ಕೆ ಕರೆಂಟ್ ಗಡಿಗೆಯಲ್ಲೂ ಒಂದಿಷ್ಟು ಅವರೆ ಹಾಕಿದ್ದ. ಅದನ್ನೇ ಬಡಿಸಿದೆ. ಯಾರಿಗೂ ಹೇಳಲಿಲ್ಲ, ಅತ್ತೆಗೂ ಹೇಳಲಿಲ್ಲ.

ಅತ್ತೆ ಮೊದಲ ತುತ್ತು ಬಾಯಿಗಿಟ್ಟರು. ನನ್ನ ಕಡೆ ಒಮ್ಮೆ ನೋಡಿದರು. ಆಮೇಲೆ ಅಪ್ಪಾಸಾಬರ ಕಡೆ ತಿರುಗಿ, "ಉಣ್ರಿ, ಸಂಕೋಚ ಮಾಡಬ್ಯಾಡ್ರಿ. ನಮ್ಮ ಗಡಿಗೀದ ಐತಿ. ಗಾಣ ನಿಂತ್ರೂ ಗಡಿಗಿ ನಿಂತಿಲ್ರಿ" ಅಂದರು. ಎರಡನೆಯ ಸಲ ಹಾಕಿಸಿಕೊಂಡರು. ಅಪ್ಪಾಸಾಬರ ಕಣ್ಣಲ್ಲಿ ನೀರು ಬಂತು. ಅಲ್ಲಿಯೇ ಮಾತು ಪಕ್ಕಾ ಆಯಿತು.

ನಿನ್ನ ಅವ್ವನಿಗೆ ಗೊತ್ತೇ ಆಗಲಿಲ್ಲ ಭೀಮಾಬಾಯಿ. ನಲವತ್ತು ವರ್ಷ ಬೂದಿಯಲ್ಲಿ ಬೇಯಿಸಿದವರಿಗೆ ಬೂದಿಯ ಅವರೆ ಯಾವುದು, ಕರೆಂಟಿನದು ಯಾವುದು ತಿಳಿಯಲಿಲ್ಲ. ಅವರು ಹೊರಗೆ ಹೋದ ಮೇಲೆ ಅಡುಗೆಮನೆಯಲ್ಲಿ ಜ್ಞಾನದೇವ, "ನೋಡಕ್ಕಾ, ಮುದುಕಿಗೂ ಗೊತ್ತಾಗ್ಲಿಲ್ಲ" ಅಂದ. ನನಗೂ ನಗು ಬಂತು. "ಅವರ ನಾಲಿಗಿ ಸತ್ತೈತಿ ಬಿಡೋ" ಅಂದೆ. ಹೌದು, ಅಂದೆ. ಅವರಿಗೆ ಕೇಳಿಸಬೇಕು ಅಂತ ಅನ್ನಲಿಲ್ಲ. ಬೆಳಗಿನಿಂದ ಜೀವ ಕೈಯಲ್ಲಿ ಹಿಡಿದು ನಿಂತಿದ್ದೆ, ಅದಕ್ಕೆ ನಗು ಬಂತು. ಬಾಗಿಲ ಹಿಂದೆ ಅವರು ಇದ್ದರು ಅಂತ ನಿನ್ನ ಕಾರ್ಡು ಬಂದ ಮೇಲೆ ಈಗ ತಿಳಿಯಿತು.

ಅಂದದ್ದು ತಪ್ಪು. ಆದರೆ ಸುಳ್ಳಲ್ಲ. ಇಷ್ಟು ದಿನ ಅವರ ಮಾನಕ್ಕಾಗಿ ಮುಚ್ಚಿಟ್ಟೆ, ಮನೆಯಿಂದ ಹೊರಗೆ ಹಾಕಿದವಳು ಅನ್ನಿಸಿಕೊಂಡೆ. ಈಗ ನನ್ನ ಮಗಳ ಮದುವೆ ಮುರಿಯುತ್ತಿದೆ. ನಿನಗೆ ಧೈರ್ಯವಿದ್ದರೆ ಈ ಪತ್ರವನ್ನು ಅತ್ತೆಯ ಮುಂದೆ ಓದು. ಒಂದಕ್ಷರ ಬಿಡದೆ ಓದು.

ರುಕ್ಮವ್ವ


ಬೋರಗಾಂವ
೩೦ ಜನವರಿ ೧೯೯೨

ವೈನಿಯವರಿಗೆ,

ಓದಿದೆ. ಒಂದಕ್ಷರ ಬಿಡಲಿಲ್ಲ.

ಓದುವ ಮೊದಲು ಎರಡು ದಿನ ಪತ್ರವನ್ನು ಡಬ್ಬಿಯಲ್ಲಿಟ್ಟಿದ್ದೆ. ನಿಮ್ಮ ಮೇಲಿನ ಸಿಟ್ಟು ಹಾಗೇ ಇತ್ತು, ಅದರ ಜೊತೆ ಹೆದರಿಕೆಯೂ ಸೇರಿತು. ಅವ್ವನಿಗೆ ರುಚಿ ತಿಳಿಯದಂತಾಗಿದೆ ಅಂದರೆ ಆಕೆಯ ಹತ್ತಿರ ಉಳಿದದ್ದೇನು? ಇವರಿಗೆ ಮಗ್ಗ ನಿಲ್ಲಿಸಲು ಹೇಳಿದೆ. ಅಷ್ಟು ಸದ್ದಿನಲ್ಲಿ ಓದುವ ಮಾತಲ್ಲ ಅದು.

ಅವ್ವ ಕಣ್ಣು ಮುಚ್ಚಿಕೊಂಡು ಕೇಳಿದಳು. "ಗೊತ್ತೇ ಆಗಲಿಲ್ಲ" ಅನ್ನುವಲ್ಲಿಗೆ ಬಂದಾಗ ಆಕೆ ಕಣ್ಣು ತೆರೆದಳು. ಅಳುತ್ತಾಳೆ ಅಂದುಕೊಂಡೆ. ಅಳಲಿಲ್ಲ. ಇಷ್ಟು ದಿನ ಇಲ್ಲದ ಸಿಟ್ಟು ಮುಖಕ್ಕೆ ಬಂತು, ನಮ್ಮ ಹಳೆಯ ಅವ್ವನ ಸಿಟ್ಟು. ಎದ್ದು ಕೂತು ಹೇಳಿದಳು. ಹೇಳಿದ್ದನ್ನು ಹಾಗೇ ಬರೆದಿದ್ದೇನೆ:

"ಅಕೀಗಿ ಬರಿ. ಆ ದಿನ ನಾ ತಳ ಕೇಳಿದ್ನೋ ಇಲ್ಲೋ, ಅದನ್ನ ಕೇಳು. ಅಷ್ಟ ಬರಿ. ಮುಂದಿಂದು ಅಕೀಗೆ ತಿಳೀತೈತಿ. ತಿಳೀಲಿಲ್ಲ ಅಂದ್ರ ಅಕಿ ಇಪ್ಪತ್ತನಾಕ ವರ್ಷ ನನ್ನ ಮನ್ಯಾಗ ಉಂಡದ್ದು ದಂಡ."

ಮತ್ತೆ ಮಲಗಿದಳು. ಸ್ವಲ್ಪ ಹೊತ್ತಿನ ಮೇಲೆ ಗೋಡೆಯ ಕಡೆ ಮುಖ ಮಾಡಿಯೇ ಇನ್ನೊಂದು ಮಾತು ಅಂದಳು. "ಬೀಗರ ಮುಂದ ನಾ ಸುಳ್ಳ ಹೇಳಿದ್ನಿ. ಎಪ್ಪತ್ತ ವರ್ಷದಾಗ ಅವರಿ ವಿಷಯದಾಗ ಒಂದ ಸುಳ್ಳ ಹೇಳಿದಾಕಿ ಅಲ್ಲ ನಾ."

ನನಗೆ ಆಗ ತಿಳಿಯಿತು. ನಿಮಗೂ ತಿಳಿದಿರಬೇಕು. ನಾನು ಇನ್ನೇನೂ ಬರೆಯುವುದಿಲ್ಲ.

ಭೀಮಾಬಾಯಿ


ಅಲಖನೂರ
೧೧ ಫೆಬ್ರುವರಿ ೧೯೯೨

ಭೀಮಾಬಾಯಿಗೆ,

ಕೇಳಲಿಲ್ಲ. ಆ ದಿನ ಅತ್ತೆ ತಳ ಕೇಳಲಿಲ್ಲ.

ನಿನ್ನ ಪತ್ರವನ್ನು ನಿಂತಲ್ಲೇ ಓದಿದವಳು ಹಾಗೇ ಕೂತುಬಿಟ್ಟೆ. ಗಡಿಗೆಯ ಅವರೆ ಅಂತ ತಿಳಿದಿದ್ದರೆ ಅವರು ಕೂತ ಕೂಡಲೇ ಕೂಗುತ್ತಿದ್ದರು. ಬೀಗರಿರಲಿ, ಯಾರೇ ಇರಲಿ ಬಿಡುತ್ತಿದ್ದವರಲ್ಲ. ಅವತ್ತು ಮೊದಲ ತುತ್ತು ಉಂಡರು, ನನ್ನನ್ನು ನೋಡಿದರು, ತಳದ ಹೆಸರೇ ಎತ್ತಲಿಲ್ಲ. ಕೇಳಿದ್ದರೆ ತಳ ತರಲು ನನ್ನ ಹತ್ತಿರ ಇರಲಿಲ್ಲ, ಬೀಗರ ಮುಂದೆ ನಾನು ಸಿಕ್ಕಿಬೀಳುತ್ತಿದ್ದೆ. ಸಕ್ಕುವಿನ ಮಾತು ಅಲ್ಲೇ ಮುರಿಯುತ್ತಿತ್ತು. ಅವರು ನನ್ನ ಮಾನ ಉಳಿಸಿದರು. ಅವರ ಬೆನ್ನ ಹಿಂದೆಯೇ ನಾನು ಒಳಗೆ ನಿಂತು ಅವರ ನಾಲಿಗೆ ಸತ್ತಿದೆ ಅಂತ ನಗುತ್ತಿದ್ದೆ.

ನಿನಗೆ ಎಷ್ಟು ಬೈದು ಬರೆದೆನೋ ಅಷ್ಟೂ ಈಗ ನನ್ನ ಮೇಲೇ ಬಂದಿದೆ. ಮೂರು ತಿಂಗಳು ಅವರ ಮಾನ ಕಾಯುತ್ತಿದ್ದೇನೆ ಅಂತ ಹೆಮ್ಮೆಯಿಂದ ತಿರುಗಿದೆ. ನನ್ನ ಮೇಲೆ ನನಗೇ ಇಷ್ಟು ಸಿಟ್ಟು ಯಾವತ್ತೂ ಬಂದಿರಲಿಲ್ಲ. ಅವರ ಮೇಲೂ ಸಿಟ್ಟಿದೆ, ಅದನ್ನೂ ಬರೆಯುತ್ತೇನೆ. ಅಲ್ಲೇ ನನ್ನ ಜುಟ್ಟು ಹಿಡಿದು ಕೇಳಬಾರದಿತ್ತೇ? ಎರಡು ಏಟು ಕೊಡಬಾರದಿತ್ತೇ? ಮೊದಲೆಲ್ಲ ಉಪ್ಪು ಹೆಚ್ಚಾದರೂ ಓಣಿಗೆ ಕೇಳುವ ಹಾಗೆ ಬೈಯುತ್ತಿದ್ದವರು, ಇಷ್ಟು ದೊಡ್ಡದಕ್ಕೆ ಒಂದು ಮಾತೂ ಆಡದೆ ಬಸ್ಸು ಹತ್ತಿದರಲ್ಲ. ಬೈಯುವುದಕ್ಕೂ ಲಾಯಕ್ಕಿಲ್ಲದವಳಾದೆನೇ ನಾನು?

ಹೋದ ಬುಧವಾರ ನಿನ್ನ ಅಣ್ಣನನ್ನು ಹೊಲದಿಂದ ಎಬ್ಬಿಸಿ ರಾಯಬಾಗಕ್ಕೆ ಕರೆದುಕೊಂಡು ಹೋದೆ. ಹೊಸ ಗಡಿಗೆ ತಂದಿದ್ದೇವೆ. ಮೂರು ದಿನ ನೀರಲ್ಲಿಟ್ಟು, ಎಣ್ಣೆ ಸವರಿ ಕಾಯಿಸಿದೆ. ಹಿತ್ತಲ ಕುಣಿಯಲ್ಲಿ ನಾನೇ ರವದಿ ಒಟ್ಟಿ ಬೆಂಕಿ ಹೊತ್ತಿಸಿದೆ. ಜ್ಞಾನದೇವ ಸಹಾಯಕ್ಕೆ ಬಂದ, ಹೋಗೋ ಅಂತ ಓಡಿಸಿದೆ. ಕರೆಂಟ್ ಗಡಿಗೆ ಅಟ್ಟದ ಮೇಲೆ ಹೋಗಿಲ್ಲ, ಸುಳ್ಳು ಹೇಳುವುದಿಲ್ಲ, ಅಡುಗೆಮನೆಯಲ್ಲೇ ಇದೆ. ಅದರದ್ದೇನು ತಪ್ಪು?

ಅವರೆಯನ್ನು ಸ್ಟೀಲ್ ಡಬ್ಬಿಗೆ ತುಂಬಿ, ಬಟ್ಟೆ ಕಟ್ಟಿ, ನಿಪ್ಪಾಣಿಗೆ ಸಂತೆಗೆ ಹೊರಟ ನಮ್ಮ ಪಕ್ಕದ ಮನೆಯ ತವನಪ್ಪನ ಕೈಯಲ್ಲಿ ಈ ಪತ್ರದ ಜೊತೆಗೇ ಕಳಿಸುತ್ತಿದ್ದೇನೆ. ಮೇಲೆ ಬಾಳೆ ಎಲೆಯಲ್ಲಿ ಸುತ್ತಿ ಬೇರೆ ಇಟ್ಟಿದ್ದೇನೆ ನೋಡು. ಅದು ತಳ. ಬೆಂಕಿ ಹೊತ್ತಿಸಿದವಳು ನಾನು, ಪದ್ಧತಿಯ ಪ್ರಕಾರ ಅದು ನನ್ನದು. ನಾನು ಮುಟ್ಟಿಲ್ಲ. ಎಲ್ಲವೂ ಅತ್ತೆಗೆ.

ಬರುತ್ತಾರೋ ಇಲ್ಲವೋ ಕೇಳುವ ಮುಖ ನನಗಿಲ್ಲ. ಸಕ್ಕು ಕೇಳುತ್ತಿದ್ದಾಳೆ.

ನಿನ್ನ ವೈನಿ
ರುಕ್ಮವ್ವ


ಬೋರಗಾಂವ
೧೫ ಫೆಬ್ರುವರಿ ೧೯೯೨
(ಕಾರ್ಡು)

ವೈನಿಯವರಿಗೆ,

ಈ ಸಲವೂ ಬೇಕಂತಲೇ ಕಾರ್ಡು. ಹಿಂದಿನ ಕಾರ್ಡಿನಲ್ಲಿ ನಿಮ್ಮ ಮಾನ ತೆಗೆದವಳು ನಾನು, ತಪ್ಪು ನನ್ನದು, ನಮ್ಮ ವೈನಿ ಅವ್ವನನ್ನು ಹೊರಗೆ ಹಾಕಿದವಳಲ್ಲ. ಮಲಕಾರಿ, ಓದುತ್ತಿದ್ದೀಯಲ್ಲ, ಇದನ್ನು ಮೊದಲಿಗಿಂತ ಜೋರಾಗಿ ಓದು. ಕಾಗವಾಡಕ್ಕೂ ಕೇಳಲಿ.

ಡಬ್ಬಿ ಮುಟ್ಟಿತು. ಅವ್ವ ಅವರೆಯನ್ನು ಬಿಟ್ಟು ಮೊದಲು ಬಾಳೆ ಎಲೆ ಬಿಚ್ಚಿದಳು. ಒಂದು ಚೂರು ಬಾಯಿಗಿಟ್ಟು ಮುಖ ಕಿವುಚಿದಳು. "ಹೊತ್ತೈತಿ! ರವದಿ ಹೆಚ್ಚ ಹಾಕ್ಯಾಳ, ಬೂದಿ ಆಗೂತನ ತಡೀಲಿಲ್ಲ. ಇಪ್ಪತ್ತನಾಕ ವರ್ಷ ಏನ್ ನೋಡಿದ್ಲು ಇಕಿ?" ಅಂತ ಬೈಯಲು ಹತ್ತಿದವಳು ಬೈಯುತ್ತಲೇ ಎರಡು ರೊಟ್ಟಿ ಅವರೆ ಉಂಡಳು. ಮೂರು ತಿಂಗಳಲ್ಲಿ ಮೊದಲ ಸಲ.

ತಳದಲ್ಲಿ ಅರ್ಧ ಮಾತ್ರ ತಿಂದಿದ್ದಾಳೆ. ಇನ್ನರ್ಧ ಅದೇ ಎಲೆಯಲ್ಲಿ ಸುತ್ತಿ ಗಂಟಿನಲ್ಲಿ ಇಟ್ಟುಕೊಂಡಿದ್ದಾಳೆ, ಮಂಗಳವಾರದ ಬಸ್ಸಿಗೆ ನಾವಿಬ್ಬರೂ ಹೊರಡುತ್ತೇವೆ. ಅದು ಯಾಕವ್ವಾ ಅಂದರೆ, "ಅಕೀಗಿ. ತಿಂದು ನೋಡ್ಲಿ, ಎಷ್ಟ ಹೊತ್ತೈತಿ ಅಂತ" ಅನ್ನುತ್ತಾಳೆ.

ಭೀಮಾಬಾಯಿ